ಎಂ51: ಎರಡು ಗ್ಯಾಲಕ್ಸಿ ನಿಜವಾಗ್ಲೂ ಅಂಟಿಕೊಂಡಿವೆಯಾ, ಇಲ್ಲ ನಮಗೆ ಹಾಗೆ ಕಾಣುತ್ತಾ?

ಚಳ್ಳಕೆರೆ ಮೇಷ್ಟ್ರು

ಎಲ್ಲರಿಗೂ ನಮಸ್ಕಾರ. ನಾನು ಚಳ್ಳಕೆರೆ ತಾಲ್ಲೂಕಿನ ಒಂದು ಹಳ್ಳಿ ಹೈಸ್ಕೂಲಿನಲ್ಲಿ ವಿಜ್ಞಾನ ಹೇಳಿಕೊಡುತ್ತೇನೆ. ಹೋದ ವರ್ಷ ನಮ್ಮ ಹಳೇ ವಿದ್ಯಾರ್ಥಿಗಳು ದುಡ್ಡು ಸೇರಿಸಿ ಶಾಲೆಗೆ 8 ಇಂಚಿನ ಡಾಬ್ಸೋನಿಯನ್ ಟೆಲಿಸ್ಕೋಪ್ ಕೊಡಿಸಿದರು. ಚಂದ್ರ, ಗುರು, ಶನಿ ಎಲ್ಲ ನೋಡಿ ಆಯ್ತು. ಮಕ್ಕಳಿಗೆ ಇನ್ನೂ ದೂರದ್ದು ಬೇಕಾಯಿತು.

ಏಪ್ರಿಲ್‌ನಲ್ಲಿ ಪರೀಕ್ಷೆ ಮುಗಿದ ಮೇಲೆ, ಅಮಾವಾಸ್ಯೆಯ ರಾತ್ರಿ, ಹನ್ನೊಂದು ಮಕ್ಕಳನ್ನು ಕಾವಲಿನ ಅಂಚಿನಲ್ಲಿರುವ ಒಂದು ಹೊಲಕ್ಕೆ ಕರೆದುಕೊಂಡು ಹೋದೆ. ಮನೆಯವರಿಗೆಲ್ಲ ಮೊದಲೇ ಹೇಳಿದ್ದೆ, ಇಬ್ಬರು ಮಕ್ಕಳ ತಂದೆಯರೂ ಜೊತೆಗೆ ಬಂದಿದ್ದರು. ಟಾರ್ಚಿಗೆ ಕೆಂಪು ಹಾಳೆ ಸುತ್ತಿ, ಅರ್ಧ ಗಂಟೆ ಕತ್ತಲಲ್ಲಿ ಸುಮ್ನೆ ಕೂತೆವು. ಆಮೇಲೆ ಸಪ್ತರ್ಷಿ ಮಂಡಲದ ಬಾಲದ ತುದಿಯ ಮರೀಚಿಯಿಂದ ಶುರು ಮಾಡಿದೆ. ಚಾಚಿದ ಕೈಯ ಎರಡು ಬೆರಳಷ್ಟು ದೂರ ಸರಿಸಿ ಎಂ51 ಗ್ಯಾಲಕ್ಸಿಯನ್ನು, ಅಂದರೆ ಕೋಟಿಗಟ್ಟಲೆ ನಕ್ಷತ್ರಗಳ ಆ ದೊಡ್ಡ ಗುಂಪನ್ನು, ಹುಡುಕಿದೆ. ಹತ್ತು ನಿಮಿಷ ಸಿಗಲಿಲ್ಲ. ಸಿಕ್ಕಾಗ ಎರಡು ಮಸುಕು ಚುಕ್ಕೆ ಅಕ್ಕಪಕ್ಕ ಇದ್ದವು. ಒಂದು ಸ್ವಲ್ಪ ದೊಡ್ಡದು, ಅದರ ಸುತ್ತ ಹೊಗೆಯ ಹಾಗೆ ಬೆಳಕು. ಇನ್ನೊಂದು ಚಿಕ್ಕದು. ಕನ್ನಡಿಯ ಮೇಲೆ ಉಸಿರು ಬಿಟ್ಟರೆ ಮೂಡುತ್ತದಲ್ಲ, ಅಂಥ ಎರಡು ಕಲೆ.

ಮಕ್ಕಳು ಸಾಲಾಗಿ ನೋಡಿದರು. "ನೇರ ನೋಡಬೇಡಿ, ಸ್ವಲ್ಪ ಪಕ್ಕಕ್ಕೆ ನೋಡಿ, ಆಗ ಜಾಸ್ತಿ ಕಾಣುತ್ತೆ" ಅಂತ ಹೇಳುತ್ತಾ ಇದ್ದೆ. ಒಂಬತ್ತನೇ ಕ್ಲಾಸಿನ ಒಬ್ಬ ಹುಡುಗಿ ಕಣ್ಣು ತೆಗೆಯಲೇ ಇಲ್ಲ. ಹಿಂದಿನವರು ಗಲಾಟೆ ಮಾಡಿದ ಮೇಲೆ ಎದ್ದು ಬಂದು ಕೇಳಿದಳು: "ಸಾರ್, ಹಿರಿಯೂರಿಗೆ ಹೋಗೋ ದಾರೀಲಿ ಎರಡು ಗುಡ್ಡ ಅಂಟ್ಕೊಂಡಿರೋ ಥರ ಕಾಣ್ತವೆ. ಮುಂದೆ ಹೋದ್ರೆ ಒಂದು ಎಲ್ಲೋ, ಇನ್ನೊಂದು ಎಲ್ಲೋ. ಇವೂ ಹಂಗೇ ಇರಬೋದಲ್ವಾ? ಅಂಟ್ಕೊಂಡಿವೆ ಅಂತ ಹೆಂಗೆ ಹೇಳ್ತಾರೆ?"

ನಾನು ಕ್ಲಾಸಿನಲ್ಲಿ ಹೇಳಿದ್ದು ಇಷ್ಟೇ: ಇದು ಎಂ51 ಎಂಬ ಸುರುಳಿ ಗ್ಯಾಲಕ್ಸಿ, ಪಕ್ಕದ್ದು ಎನ್‌ಜಿಸಿ 5195, ಎರಡೂ ಒಂದನ್ನೊಂದು ಎಳೆಯುತ್ತಿವೆ. ಪುಸ್ತಕದಲ್ಲಿ ಹಾಗೇ ಇದೆ. ಆದರೆ ಅದು ಗೊತ್ತಾದದ್ದು ಹೇಗೆ ಅಂತ ನಾನು ಯೋಚನೆ ಮಾಡಿಯೇ ಇರಲಿಲ್ಲ. "ಕೇಳಿ ಹೇಳ್ತೀನಮ್ಮ" ಅಂದೆ. ಅವಳಿಗೆ ಸರಿಯಾದ ಉತ್ತರವನ್ನೇ ಕೊಡಬೇಕು ಅಂತ ನನಗೆ ಆಸೆ. ಮಕ್ಕಳಿಗೆ ತಾವೇ ನೋಡಿ ಒಪ್ಪಿಕೊಳ್ಳುವ ಹಾಗೆ ಏನಾದರೂ ಇದ್ದರೆ ದಯವಿಟ್ಟು ತಿಳಿಸಿ.

---

ಕೋಲಾರದ ಕತ್ತಲು

ಮೇಷ್ಟ್ರೇ, ನಿಮ್ಮ ಹುಡುಗಿಯ ಪ್ರಶ್ನೆ ಓದಿ ತುಂಬಾ ಖುಷಿಯಾಯಿತು. ನಾನು ಇಪ್ಪತ್ತು ವರ್ಷದಿಂದ ಟೆಲಿಸ್ಕೋಪ್ ಹಿಡಿದು ಓಡಾಡುತ್ತಿದ್ದೇನೆ. ಬೆಂಗಳೂರಿನ ಬೆಳಕು ತಪ್ಪಿಸಿಕೊಂಡು ಕೋಲಾರದ ಕಡೆ ಹೋಗುತ್ತೇನೆ, 12 ಇಂಚಿನದು ಇದೆ. ಎಂ51 ನೋಡಿದವರು ಸಾಮಾನ್ಯವಾಗಿ ಕೇಳುವುದು "ಸುರುಳಿ ಎಲ್ಲಿ, ಕಾಣ್ತಾ ಇಲ್ವಲ್ಲ" ಅಂತ. ಇವಳು ಕೇಳಿದ್ದು ಅದಕ್ಕಿಂತ ಒಳಗಿನ ಪ್ರಶ್ನೆ.

ಮೊದಲು ಅವಳಿಗೆ ಇದನ್ನು ಹೇಳಿ. ಚಾರ್ಲ್ಸ್ ಮೆಸಿಯೇ ಎಂಬ ಖಗೋಳ ವಿಜ್ಞಾನಿ ಪ್ಯಾರಿಸ್‌ನಲ್ಲಿ ಈ ಮಸುಕು ಕಲೆಯನ್ನು ಕಂಡದ್ದು 1773ರ ಅಕ್ಟೋಬರ್ 13ರಂದು. ಪಕ್ಕದಲ್ಲಿ ಇನ್ನೊಂದು ಇದೆ ಅಂತ ಪಿಯೇರ್ ಮೆಶಾಂ ಗುರುತಿಸಿದ್ದು 1781ರಲ್ಲಿ. ನಡುವೆ ಏಳು ವರ್ಷದ ಮೇಲಾಗಿತ್ತು. ಅವಳು ಎರಡನ್ನೂ ಒಂದೇ ರಾತ್ರಿ ನೋಡಿದ್ದಾಳೆ.

ಈಗ ಉತ್ತರಕ್ಕೆ ಬರೋಣ. ಅವಳ ಗುಡ್ಡದ ಲೆಕ್ಕ ಅರ್ಧ ಸರಿ. ಚಿಕ್ಕ ಗ್ಯಾಲಕ್ಸಿ ನಿಜವಾಗಿಯೂ ಹಿಂದೆ ಇದೆ! ದೊಡ್ಡದರ ಒಂದು ತೋಳು ಚಾಚಿಕೊಂಡು ಚಿಕ್ಕದರ ಮುಂದೆ ಹಾದು ಹೋಗುತ್ತದೆ. ಅದಕ್ಕೇ ಕೈ ಹಿಡಿದ ಹಾಗೆ ಕಾಣುವುದು. ಇದನ್ನು ಮಕ್ಕಳೇ ನೋಡಿ ಕಂಡುಹಿಡಿಯಬಹುದು. ಹಬಲ್ ಟೆಲಿಸ್ಕೋಪಿನ ಎಂ51 ಚಿತ್ರ ಒಂದಿದೆ, 2005ರ ಏಪ್ರಿಲ್‌ನಲ್ಲಿ ಬಿಟ್ಟಿದ್ದು, ಎಲ್ಲ ಕಡೆ ಸಿಗುತ್ತದೆ. ಅದನ್ನು ದೊಡ್ಡ ಹಾಳೆಗೆ ಕಲರ್ ಪ್ರಿಂಟ್ ಹಾಕಿಸಿ. ಮಕ್ಕಳ ಕೈಗೆ ಭೂತಗನ್ನಡಿ ಕೊಟ್ಟು, ತೋಳು ಹೋಗಿ ಚಿಕ್ಕ ಗ್ಯಾಲಕ್ಸಿಗೆ ಸೇರುವ ಜಾಗವನ್ನು ಮಾತ್ರ ನೋಡಲು ಹೇಳಿ. ಚಿಕ್ಕದರ ಬೆಳಕು ಹಳದಿ. ಆ ಹಳದಿಯ ಮೇಲೆ ಕಂದು ಬಣ್ಣದ ಎಳೆಗಳು ಕಾಣುತ್ತವೆ, ಲಾಟೀನಿನ ಗಾಜಿಗೆ ಮಸಿ ಹಿಡಿದ ಹಾಗೆ. ಅದು ದೊಡ್ಡ ಗ್ಯಾಲಕ್ಸಿಯ ತೋಳಿನಲ್ಲಿರುವ ಧೂಳು. ಧೂಳು ಬೆಳಕನ್ನು ಮರೆ ಮಾಡುತ್ತಿದೆ ಅಂದರೆ ಧೂಳು ಮುಂದೆ, ದೀಪ ಹಿಂದೆ. ಇದನ್ನು ನೀವು ಬಾಯಿಬಿಟ್ಟು ಹೇಳಬೇಡಿ. ಅವರೇ ಹೇಳಲಿ.

ಹಾಗಾದರೆ ಗುಡ್ಡದ ಥರ ಸುಮ್ನೆ ಒಂದರ ಹಿಂದೆ ಒಂದು ಇರಬಹುದಲ್ಲ? ಇಲ್ಲ. ಅದಕ್ಕೆ ಬಲವಾದ ಸಾಕ್ಷಿ ಕಣ್ಣಿಗೆ ಕಾಣುವುದಿಲ್ಲ. ಅಮೆರಿಕದ ನ್ಯೂ ಮೆಕ್ಸಿಕೋದಲ್ಲಿ ಬಯಲಲ್ಲಿ ಸಾಲಾಗಿ ನಿಲ್ಲಿಸಿದ ರೇಡಿಯೋ ಡಿಶ್‌ಗಳಿವೆ, ವಿಎಲ್ಎ ಅಂತ ಹೆಸರು. ಹೈಡ್ರೋಜನ್ ಅನಿಲ ಹೊರಡಿಸುವ ರೇಡಿಯೋ ಅಲೆಗಳನ್ನು ಅವು ಹಿಡಿಯುತ್ತವೆ. 1990ರಲ್ಲಿ ಪ್ರಕಟವಾದ ಎಂ51ರ ನಕ್ಷೆಯಲ್ಲಿ, ಗ್ಯಾಲಕ್ಸಿಯ ಒಂದು ಕಡೆಯಿಂದ ಅನಿಲದ ಉದ್ದನೆಯ ಬಾಲವೊಂದು ಹೊರಗೆ ಬಿದ್ದು ಬಾಗಿರುವುದು ಕಂಡಿತು. ಉದ್ದ ಸುಮಾರು 3 ಲಕ್ಷ ಜ್ಯೋತಿರ್ವರ್ಷ (ಬೆಳಕು ಒಂದು ವರ್ಷದಲ್ಲಿ ಹೋಗುವ ದೂರವೇ ಒಂದು ಜ್ಯೋತಿರ್ವರ್ಷ). ಫೋಟೋದಲ್ಲಿ ಕಾಣುವ ಸುರುಳಿಗಿಂತ ಎಷ್ಟೋ ಪಾಲು ಉದ್ದ. ತನ್ನ ಪಾಡಿಗೆ ತಾನು ತಿರುಗುತ್ತಿದ್ದ ಗ್ಯಾಲಕ್ಸಿಯಿಂದ ಅಷ್ಟು ಅನಿಲ ಹಾಗೆ ಆಚೆ ಬೀಳುವುದಿಲ್ಲ. ಯಾರೋ ಹತ್ತಿರ ಬಂದು ಎಳೆದಿರಬೇಕು. ಎಳೆಯುವಷ್ಟು ಭಾರ ಇರುವುದು ಅಲ್ಲಿ ಈ ನೆರೆಯದು ಒಂದೇ.

ಇನ್ನೊಂದು ಮಾತು. ಎರಡೂ ನಮ್ಮಿಂದ ದೂರ ಸರಿಯುವ ವೇಗ ಹೆಚ್ಚುಕಮ್ಮಿ ಒಂದೇ, ಸೆಕೆಂಡಿಗೆ 500 ಕಿ.ಮೀ. ಆಸುಪಾಸು. ಗ್ಯಾಲಕ್ಸಿ ದೂರ ಇದ್ದಷ್ಟೂ ಸಾಮಾನ್ಯವಾಗಿ ಬೇಗ ಸರಿಯುತ್ತದೆ, ಹಾಗಾಗಿ ಒಂದು ತುಂಬಾ ದೂರದ್ದಾಗಿದ್ದರೆ ವೇಗದಲ್ಲಿ ದೊಡ್ಡ ವ್ಯತ್ಯಾಸ ಕಾಣುತ್ತಿತ್ತು. ಎರಡೂ ಇರುವುದು ನಮ್ಮಿಂದ ಸುಮಾರು 2.8 ಕೋಟಿ ಜ್ಯೋತಿರ್ವರ್ಷ ಆಚೆ.

---

ಮಲ್ಪೆಯವಳು

ಮೇಲಿನ ಉತ್ತರಕ್ಕೆ ನಂದೂ ಸ್ವಲ್ಪ ಸೇರಿಸುತ್ತೇನೆ. "ಎಳೆಯಿತು" ಅನ್ನುವ ಮಾತನ್ನು ಮಕ್ಕಳು ಹಗ್ಗ ಕಟ್ಟಿ ಎಳೆದ ಹಾಗೆ ಅಂದುಕೊಳ್ಳುತ್ತಾರೆ. ಹಾಗಾದರೆ ಬಾಲ ನೆರೆಯವನ ಕಡೆಗೇ ಇರಬೇಕಿತ್ತು. ಆಚೆ ಕಡೆಗೆ ಯಾಕೆ ಚಾಚಿತು?

ನಾನು ಹುಟ್ಟಿ ಬೆಳೆದದ್ದು ಕಡಲ ಪಕ್ಕ. ನಮ್ಮಲ್ಲಿ ಬೋಟಿನವರು ಅಳಿವೆ ಬಾಗಿಲು ದಾಟಬೇಕಾದರೆ ಉಬ್ಬರದ ಹೊತ್ತು ನೋಡುತ್ತಾರೆ. ದಿನಕ್ಕೆ ಎರಡು ಸಲ ನೀರು ಏರುತ್ತದೆ. ಚಂದ್ರ ಇರುವುದು ಒಂದೇ ಕಡೆ, ಎರಡು ಸಲ ಯಾಕೆ ಏರುತ್ತದೆ ಅಂತ ಸಣ್ಣವಳಿದ್ದಾಗ ಅಜ್ಜನನ್ನು ಕೇಳಿದ್ದೆ. ಅವರು "ಅದು ಹಾಗೇ ಮಗಾ" ಅಂದಿದ್ದರು. ಆಮೇಲೆ ಓದಿ ತಿಳಿದುಕೊಂಡೆ. ಚಂದ್ರ ತನ್ನ ಹತ್ತಿರದ ಪಕ್ಕವನ್ನು ಜಾಸ್ತಿ ಎಳೆಯುತ್ತಾನೆ, ನಡುವಿನ ಭೂಮಿಯನ್ನು ಸ್ವಲ್ಪ ಕಡಿಮೆ, ಆಚೆ ಪಕ್ಕದ ನೀರನ್ನು ಇನ್ನೂ ಕಡಿಮೆ. ಹಾಗಾಗಿ ಈಚೆ ನೀರು ಮುಂದಕ್ಕೆ ಉಬ್ಬುತ್ತದೆ, ಆಚೆ ನೀರು ಹಿಂದೆ ಉಳಿದು ಉಬ್ಬುತ್ತದೆ. ಗ್ಯಾಲಕ್ಸಿಯಲ್ಲೂ ಅದೇ ಲೆಕ್ಕ. ಹತ್ತಿರದ ಪಕ್ಕ ನೆರೆಯವನ ಕಡೆಗೆ ಸೇತುವೆಯ ಹಾಗೆ ಚಾಚುತ್ತದೆ, ಆಚೆ ಪಕ್ಕ ಬಾಲವಾಗುತ್ತದೆ. ಗ್ಯಾಲಕ್ಸಿ ತಿರುಗುತ್ತಾ ಇರುವುದರಿಂದ ಎರಡೂ ಬಾಗಿ ತೋಳಾಗುತ್ತವೆ.

ಇದನ್ನು ಮೊದಲು ಲೆಕ್ಕ ಹಾಕಿ ಚೆನ್ನಾಗಿ ತೋರಿಸಿದವರು ಆಲಾರ್ ಟೂಮ್ರೆ ಮತ್ತು ಯೂರಿ ಟೂಮ್ರೆ ಎಂಬ ಅಣ್ಣ ತಮ್ಮಂದಿರು, 1972ರಲ್ಲಿ. ಆಗ ಇದ್ದ ಕಂಪ್ಯೂಟರಿನ ಶಕ್ತಿ ಎಷ್ಟು ಅಂತ ನಿಮಗೇ ಗೊತ್ತು. ಅವರು ಮಾಡಿದ ಉಪಾಯ ಎಷ್ಟು ಸರಳ ನೋಡಿ. ಎರಡು ಭಾರದ ಬಿಂದು ಇಟ್ಟರು. ಒಂದರ ಸುತ್ತ ಭಾರವೇ ಇಲ್ಲದ ಚುಕ್ಕೆಗಳನ್ನು ಬಳೆಬಳೆಯಾಗಿ ಜೋಡಿಸಿದರು. ಚುಕ್ಕೆಗಳು ಒಂದನ್ನೊಂದು ಎಳೆಯುವುದಿಲ್ಲ, ಭಾರದ ಎರಡು ಬಿಂದು ಮಾತ್ರ ಎಳೆಯುತ್ತವೆ. ಎಂ51ಕ್ಕೆ ಅವರು ನೆರೆಯದರ ಭಾರ ದೊಡ್ಡದರ ಮೂರನೇ ಒಂದು ಪಾಲು ಅಂತ ಹಿಡಿದರು. ನೆರೆಯದನ್ನು ಪಕ್ಕದಲ್ಲಿ ಹಾಯಿಸಿದರು ಅಷ್ಟೇ. ಸೇತುವೆಯೂ ಬಂತು, ಬಾಲವೂ ಬಂತು.

ನನ್ನ ಕೆಲಸ ಸಾಫ್ಟ್‌ವೇರ್. ಒಂದು ಶನಿವಾರ ಕೂತು ನಾನೇ ಪೈಥಾನ್‌ನಲ್ಲಿ ಇದನ್ನು ಬರೆದೆ. ಮೊದಲ ಸಲ ಓಡಿಸಿದಾಗ ಏನೂ ಆಗಲಿಲ್ಲ. ನೆರೆಯದು ಬಂತು, ಹೋಯಿತು, ಬಳೆಗಳು ಸ್ವಲ್ಪ ನಡುಗಿ ಸುಮ್ಮನಾದವು. ಎರಡು ಗಂಟೆ ತಪ್ಪು ಹುಡುಕಿದೆ. ಕೊನೆಗೆ ನೋಡಿದರೆ ಚುಕ್ಕೆಗಳು ತಿರುಗುವ ದಿಕ್ಕಿಗೆ ಎದುರಾಗಿ ನೆರೆಯದನ್ನು ಕಳಿಸಿದ್ದೆ. ಒಂದು ಮೈನಸ್ ಚಿಹ್ನೆ ತೆಗೆದೆ. ಅಷ್ಟಕ್ಕೇ ಬಳೆ ಹರಿದು, ಒಂದು ಕಡೆ ತೋಳು ನೆರೆಯದರ ಕಡೆಗೆ ಹೊರಟಿತು, ಇನ್ನೊಂದು ಕಡೆ ಬಾಲ ಬಿಚ್ಚಿಕೊಂಡಿತು. ಆಮೇಲೆ ಓದಿದೆ, ಟೂಮ್ರೆ ಸಹೋದರರೂ ಇದನ್ನೇ ತೋರಿಸಿದ್ದರು. ಚುಕ್ಕೆಗಳು ತಿರುಗುವ ಕಡೆಗೇ ನೆರೆಯದು ಹಾದು ಹೋದರೆ ಎಳೆತ ಜಾಸ್ತಿ ಹೊತ್ತು ಒಂದೇ ಕಡೆಗೆ ಸಿಗುತ್ತದೆ. ಜೋಕಾಲಿ ಹೋಗುವ ಕಡೆಗೇ ದೂಡಿದರೆ ಮೇಲೆ ಹೋಗುತ್ತದೆ, ಎದುರು ದೂಡಿದರೆ ನಿಲ್ಲುತ್ತದೆ ಅಲ್ವಾ, ಹಾಗೆ.

ಮೇಷ್ಟ್ರೇ, ಶಾಲೆಯಲ್ಲಿ ಒಂದು ಕಂಪ್ಯೂಟರ್ ಇದ್ದರೆ ಹೇಳಿ. ಪ್ರೋಗ್ರಾಂ ಕಳಿಸುತ್ತೇನೆ, ನೂರು ಸಾಲೂ ಇಲ್ಲ. ಎಲ್ಲಿ ಏನು ಆಗುತ್ತದೆ ಅಂತ ಪ್ರತಿ ಸಾಲಿಗೂ ಕನ್ನಡದಲ್ಲಿ ಬರೆದು ಕಳಿಸುತ್ತೇನೆ.

---

ಚಳ್ಳಕೆರೆ ಮೇಷ್ಟ್ರು

ಇಬ್ಬರಿಗೂ ತುಂಬಾ ಧನ್ಯವಾದ. ಕಂಪ್ಯೂಟರ್ ಎರಡಿವೆ, ಖಂಡಿತ ಕಳಿಸಿ ತಾಯಿ.

ಪ್ರಿಂಟ್ ಹಾಕಿಸಿಕೊಂಡು ಬಂದೆ. ರಜೆ ಆದರೂ ಏಳು ಮಕ್ಕಳು ಬಂದರು. ಭೂತಗನ್ನಡಿ ಒಂದೇ ಇತ್ತು, ಕೈಯಿಂದ ಕೈಗೆ ಹೋಯಿತು. ನಾನು ಏನೂ ಹೇಳಲಿಲ್ಲ. ಮೂರನೆಯವನು "ಸಾರ್, ಬೆಳಕಿನ ಮೇಲೆ ಕಪ್ಪು ಗೀಟು" ಅಂದ. ಆ ಹುಡುಗಿ ಅವನ ಕೈಯಿಂದ ಕನ್ನಡಿ ಕಿತ್ತುಕೊಂಡು ನೋಡಿ, "ಹಂಗಾದ್ರೆ ಚಿಕ್ಕದು ಹಿಂದಿದೆ, ನಾನು ಹೇಳಿದ್ದೇ ಸರಿ" ಅಂದಳು. ಆಮೇಲೆ ಅನಿಲದ ಬಾಲದ ವಿಷಯ ಹೇಳಿದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, "ಹಿಂದೂ ಇದೆ, ಎಳೀತಾನೂ ಇದೆ" ಅಂದಳು. ನಾನು ಬೋರ್ಡಿನ ಮೇಲೆ ಆ ಮಾತನ್ನೇ ಬರೆದೆ.

ಈಗ ಇನ್ನೊಬ್ಬ ಹುಡುಗ ಕೇಳಿದ್ದಾನೆ: ಎರಡು ಗ್ಯಾಲಕ್ಸಿ ಇಷ್ಟು ಹತ್ತಿರ ಬಂದರೆ ನಕ್ಷತ್ರಕ್ಕೆ ನಕ್ಷತ್ರ ಡಿಕ್ಕಿ ಹೊಡೆಯಲ್ವಾ?

---

ಕೋಲಾರದ ಕತ್ತಲು

ಹೊಡೆಯುವುದಿಲ್ಲ ಅಂತಲೇ ಹೇಳಬಹುದು. ನಿಮ್ಮ ಊರಿನ ಲೆಕ್ಕದಲ್ಲೇ ಹೇಳುತ್ತೇನೆ, ಕೂತು ಗುಣಿಸಿ ನೋಡಿದೆ. ಸೂರ್ಯನನ್ನು ಒಂದು ರಾಗಿ ಕಾಳು ಅಂದುಕೊಳ್ಳಿ, ಒಂದೂವರೆ ಮಿಲಿಮೀಟರ್. ಅದನ್ನು ಚಳ್ಳಕೆರೆಯಲ್ಲಿ ಇಡಿ. ಸೂರ್ಯನಿಗೆ ಅತಿ ಹತ್ತಿರದ ನಕ್ಷತ್ರ 4.2 ಜ್ಯೋತಿರ್ವರ್ಷ ದೂರ. ಆ ಅಳತೆಯಲ್ಲಿ ಅದು 40 ಕಿ.ಮೀ.ಗಿಂತ ಸ್ವಲ್ಪ ಜಾಸ್ತಿ ಬರುತ್ತದೆ. ಅಂದರೆ ಇನ್ನೊಂದು ಕಾಳು ಹಿರಿಯೂರಿನಲ್ಲಿ. ನಡುವೆ ರಸ್ತೆಯಲ್ಲಿ ಬೇರೆ ಯಾವ ಕಾಳೂ ಇಲ್ಲ. ಈಗ ಹೀಗೇ ಕಾಳು ಚೆಲ್ಲಿರುವ ಇನ್ನೊಂದು ಜಿಲ್ಲೆಯನ್ನು ತಂದು ಇದರ ಮೇಲೆ ಹಾಯಿಸಿ. ಕಾಳಿಗೆ ಕಾಳು ತಾಗುತ್ತದಾ?

ಅನಿಲದ ಕಥೆ ಬೇರೆ. ನಕ್ಷತ್ರಗಳ ನಡುವೆ ಹರಡಿರುವ ಅನಿಲದ ಮೋಡಗಳಿಗೆ ಎಳೆತ ಬಿದ್ದಾಗ ಅವು ಒತ್ತಿಕೊಳ್ಳುತ್ತವೆ, ಒಂದರೊಳಗೊಂದು ನುಗ್ಗುತ್ತವೆ, ಕುಸಿದು ಹೊಸ ನಕ್ಷತ್ರವಾಗುತ್ತವೆ. ನಿಮ್ಮ ಪ್ರಿಂಟಿನಲ್ಲಿ ತೋಳಿನ ಉದ್ದಕ್ಕೂ ಗುಲಾಬಿ ಚುಕ್ಕೆಗಳಿವೆಯಲ್ಲ, ಅವು ಹೊಸ ನಕ್ಷತ್ರ ಹುಟ್ಟುತ್ತಿರುವ ಜಾಗ. ಹಳದಿ ಬಣ್ಣದ ನೆರೆಯದರಲ್ಲಿ ಅಂಥದ್ದು ಕಾಣುವುದಿಲ್ಲ, ಅಲ್ಲಿರುವುದು ಹೆಚ್ಚಾಗಿ ವಯಸ್ಸಾದ ನಕ್ಷತ್ರಗಳು.

ಹೀಗೆ ಹುಟ್ಟಿದವುಗಳಲ್ಲಿ ತುಂಬಾ ಭಾರದವು ಬೇಗ ಉರಿದು ಸಿಡಿಯುತ್ತವೆ. ಎಂ51ರಲ್ಲಿ 1994, 2005, 2011ರಲ್ಲಿ ಅಂಥ ಒಂದೊಂದು ಸಿಡಿತ, ಅಂದರೆ ಸೂಪರ್‌ನೋವಾ ಕಂಡವು. ಹದಿನೇಳು ವರ್ಷದಲ್ಲಿ ಮೂರು, ಒಂದೇ ಗ್ಯಾಲಕ್ಸಿಗೆ ಇದು ಬಹಳ. ಮೂರೂ ಭಾರದ ನಕ್ಷತ್ರಗಳ ಸಾವೇ. 2011ರದ್ದನ್ನು ನಾನು ಕಣ್ಣಾರೆ ನೋಡಿದ್ದೇನೆ. ಜೂನ್ ತಿಂಗಳು, ಮಳೆ ಮೋಡ. ಮೂರು ರಾತ್ರಿ ಹೋಗಿ ವಾಪಸ್ ಬಂದಿದ್ದೆ. ನಾಲ್ಕನೇ ರಾತ್ರಿ ಉತ್ತರದಲ್ಲಿ ಮೋಡ ಬಿರುಕು ಬಿಟ್ಟಿತು, ಇಪ್ಪತ್ತು ನಿಮಿಷ ಅಷ್ಟೇ. ಹಳೇ ಫೋಟೋ ಜೊತೆ ಹೋಲಿಸಿ ಹೋಲಿಸಿ ನೋಡಿದೆ. ಮೊದಲು ಇಲ್ಲದ ಒಂದು ಸಣ್ಣ ಚುಕ್ಕೆ ತೋಳಿನಲ್ಲಿ ಇತ್ತು. ಸೂಜಿಮೊನೆಯಷ್ಟು. ನಮ್ಮ ಲಡಾಖ್‌ನ ಹಾನ್ಲೆಯಲ್ಲಿರುವ 2 ಮೀಟರಿನ ಹಿಮಾಲಯನ್ ಚಂದ್ರ ಟೆಲಿಸ್ಕೋಪ್‌ನಿಂದ ಅದೇ ಚುಕ್ಕೆಯನ್ನು ಸುಮಾರು ಒಂದು ವರ್ಷ ಗಮನಿಸಿದರು. ಆ ಟೆಲಿಸ್ಕೋಪನ್ನು ನಡೆಸುವುದು ಬೆಂಗಳೂರಿನ ಹತ್ತಿರದ ಹೊಸಕೋಟೆಯಿಂದ, ಉಪಗ್ರಹದ ಸಂಪರ್ಕದಲ್ಲಿ. ಇದನ್ನು ಮಕ್ಕಳಿಗೆ ಹೇಳಲೇಬೇಕು. ಚಳ್ಳಕೆರೆಯಿಂದ ಹೊಸಕೋಟೆ ಒಂದು ದಿನದಲ್ಲಿ ಹೋಗಿ ಬರುವ ದೂರ.

---

ತುಮಕೂರು ಓದುಗ

ನಡುವೆ ಬಾಯಿ ಹಾಕುತ್ತಿದ್ದೇನೆ, ಕ್ಷಮಿಸಿ. ಹಾಗಾದರೆ ಎಂ51ಕ್ಕೆ ಸುರುಳಿ ಬಂದದ್ದೇ ಈ ನೆರೆಯದರಿಂದ ಅಂತ ಅರ್ಥವಾ? ನಮ್ಮ ಆಕಾಶಗಂಗೆಗೂ ಸುರುಳಿ ಇದೆ. ನಮಗೂ ಪಕ್ಕದ ಆಂಡ್ರೊಮಿಡಾ ಗ್ಯಾಲಕ್ಸಿ ಬಂದು ಹೊಡೆಯುತ್ತದೆ ಅಂತಾರಲ್ಲ?

---

ಕೋಲಾರದ ಕತ್ತಲು

ಇಲ್ಲಿ ಸ್ವಲ್ಪ ಎಚ್ಚರಿಕೆಯಿಂದ ಹೇಳಬೇಕು. ಹೊರಗಿನ ಉದ್ದ ತೋಳು, ಬಾಲ, ಇವು ನೆರೆಯದರ ಕೆಲಸ. ಒಳಗಿನ ಸುರುಳಿ ಎಷ್ಟು ಅದರಿಂದ, ಎಷ್ಟು ಮೊದಲೇ ಇತ್ತು ಅನ್ನುವುದರ ಬಗ್ಗೆ ಚರ್ಚೆ ಇನ್ನೂ ನಡೆಯುತ್ತಿದೆ. ನೆರೆ ಇಲ್ಲದ ಎಷ್ಟೋ ಗ್ಯಾಲಕ್ಸಿಗಳಲ್ಲೂ ಸುರುಳಿ ಇದೆ. ಹಾಗಾಗಿ ಎಲ್ಲ ಸುರುಳಿಗೂ ಡಿಕ್ಕಿಯೇ ಕಾರಣ ಅಂತ ಮಕ್ಕಳಿಗೆ ಹೇಳಬೇಡಿ.

ತೋಳು ಅಂದರೆ ಅವೇ ನಕ್ಷತ್ರಗಳು ಅಂಟಿಕೊಂಡು ತಿರುಗುವ ಕೈ ಅಲ್ಲ. ಹಾಗಿದ್ದರೆ ಒಳಗಿನವು ಬೇಗ ಸುತ್ತು ಮುಗಿಸಿ ತೋಳು ದಾರದುಂಡೆಯ ಹಾಗೆ ಸುತ್ತಿಕೊಂಡು ಅಳಿಸಿ ಹೋಗುತ್ತಿತ್ತು. ಜಾತ್ರೆಯಲ್ಲಿ ತೇರಿನ ಬೀದಿ ನೆನಪಿಸಿಕೊಳ್ಳಿ. ಕಿರಿದಾದ ಜಾಗದಲ್ಲಿ ಜನ ಯಾವಾಗಲೂ ಒತ್ತಾಗಿರುತ್ತಾರೆ. ಬೆಳಗ್ಗೆ ಇದ್ದವರು ಮಧ್ಯಾಹ್ನ ಅಲ್ಲಿಲ್ಲ, ಒತ್ತು ಮಾತ್ರ ಇದೆ. ತೋಳು ಬಹಳ ಮಟ್ಟಿಗೆ ಅಂಥ ಒತ್ತು. ನಕ್ಷತ್ರ ಅದರೊಳಗೆ ಬರುತ್ತದೆ, ನಿಧಾನವಾಗಿ ದಾಟಿ ಹೋಗುತ್ತದೆ. ಹೊರಗಿಂದ ಒಬ್ಬ ಭಾರದವನು ಹಾದು ಹೋದರೆ ಆ ಒತ್ತು ಇನ್ನೂ ಜೋರಾಗುತ್ತದೆ. ಎಂ51 ಅಷ್ಟು ಅಚ್ಚುಕಟ್ಟಾಗಿ ಕಾಣುವುದಕ್ಕೆ ಇದೂ ಒಂದು ಕಾರಣ. ಅದರ ಸುರುಳಿಯೇ ಮನುಷ್ಯ ಮೊದಲು ಕಂಡ ಸುರುಳಿ. 1845ರಲ್ಲಿ ಐರ್ಲೆಂಡಿನ ಬರ್ ಎಂಬಲ್ಲಿ ಲಾರ್ಡ್ ರಾಸ್ ತನ್ನ 6 ಅಡಿ ಅಗಲದ ಲೋಹದ ಕನ್ನಡಿಯಲ್ಲಿ ನೋಡಿ, ಕೈಯಲ್ಲೇ ಚಿತ್ರ ಬರೆದ. ಆ ಚಿತ್ರದಲ್ಲಿ ನೆರೆಯದೂ ಇದೆ.

ನೆರೆಯದು ಎಷ್ಟು ಸಲ ಹಾದು ಹೋಗಿದೆ ಅನ್ನುವುದಕ್ಕೆ 2000ರಲ್ಲಿ ಬಂದ ಒಂದು ಲೆಕ್ಕ ಹೀಗೆ ಹೇಳುತ್ತದೆ: ಸುಮಾರು 50ರಿಂದ 60 ಕೋಟಿ ವರ್ಷ ಹಿಂದೆ ಒಮ್ಮೆ ದೊಡ್ಡದರ ತಟ್ಟೆಯನ್ನು ದಾಟಿತು, 5ರಿಂದ 10 ಕೋಟಿ ವರ್ಷ ಹಿಂದೆ ಮತ್ತೆ ದಾಟಿತು. ನನಗೆ ಇದು ಸರಿ ಅನ್ನಿಸುತ್ತದೆ, ಅಷ್ಟುದ್ದ ಬಾಲ ಬೆಳೆಯಲು ಹೊತ್ತು ಬೇಕು.

ಆಂಡ್ರೊಮಿಡಾ ಬಗ್ಗೆ ಚಿಕ್ಕದಾಗಿ ಹೇಳುತ್ತೇನೆ. ಡಿಕ್ಕಿ ಖಂಡಿತ ಅಂತ ಬಹಳ ವರ್ಷ ಹೇಳುತ್ತಿದ್ದರು. 2025ರಲ್ಲಿ ಬಂದ ಒಂದು ಅಧ್ಯಯನದ ಪ್ರಕಾರ ಮುಂದಿನ 1000 ಕೋಟಿ ವರ್ಷದಲ್ಲಿ ಅದು ಆಗುವ ಸಾಧ್ಯತೆ ಅರ್ಧಕ್ಕರ್ಧ.

---

ಚಳ್ಳಕೆರೆ ಮೇಷ್ಟ್ರು

ಮಲ್ಪೆಯವರ ಪ್ರೋಗ್ರಾಂ ಬಂತು. ಮೊದಲು ನಾನೇ ಓಡಿಸಿ ನೋಡಿದೆ, ಆಮೇಲೆ ಮಕ್ಕಳಿಗೆ ಬಿಟ್ಟೆ. ಮೈನಸ್ ಚಿಹ್ನೆಯ ಸಾಲನ್ನು ಅವರು ಹಾಕುವುದು, ತೆಗೆಯುವುದು, ಹಾಕುವುದು. ಸಂಜೆ ಆರಾದರೂ ಎದ್ದು ಹೋಗಲಿಲ್ಲ. ರಾಗಿ ಕಾಳಿನ ಲೆಕ್ಕ ಕೇಳಿದ ಹುಡುಗ ಜೇಬಿನಲ್ಲಿ ಎರಡು ಕಾಳು ಇಟ್ಟುಕೊಂಡಿದ್ದಾನೆ. ಮಾವನ ಊರು ಹಿರಿಯೂರು, ಹೋದಾಗ ಒಂದನ್ನು ಅಲ್ಲಿ ಇಟ್ಟು ಬರುತ್ತಾನಂತೆ.

ಮೇ ಅಮಾವಾಸ್ಯೆಗೆ ಮೋಡ ಇಲ್ಲದಿದ್ದರೆ ಮತ್ತೆ ಹೊಲಕ್ಕೆ ಹೋಗುತ್ತೇವೆ. ಆಗ ಒಂಬತ್ತೂವರೆ, ಹತ್ತಕ್ಕೆಲ್ಲ ಎಂ51 ಉತ್ತರದಲ್ಲಿ ಚೆನ್ನಾಗಿ ಮೇಲಿರುತ್ತದೆ, ಮಕ್ಕಳನ್ನು ಬೇಗ ಮನೆಗೆ ಬಿಡಬಹುದು. ಈ ಸಲ ಆ ಹುಡುಗಿ ಲಾರ್ಡ್ ರಾಸ್‌ನ ಹಾಗೆ ಕೈಯಲ್ಲೇ ಚಿತ್ರ ಬರೆಯುತ್ತಾಳಂತೆ. ಪೆನ್ಸಿಲ್ ಯಾವುದು ಒಳ್ಳೇದು ಅಂತ ಕೇಳಿದಳು. ಕತ್ತಲಲ್ಲಿ ಕೆಂಪು ಟಾರ್ಚಿನ ಬೆಳಕಿಗೆ ಚಿತ್ರ ಬರೆದ ಅನುಭವ ಇರುವವರು ಇದ್ದರೆ ದಯವಿಟ್ಟು ಹೇಳಿ.

---

ಕೋಲಾರದ ಕತ್ತಲು

2ಬಿ ಪೆನ್ಸಿಲ್ ಸಾಕು, ಜೊತೆಗೆ ಉಜ್ಜಲು ಒಂದು ಚೂರು ಹತ್ತಿ. ಬಿಳಿ ಹಾಳೆಯಲ್ಲಿ ಕಪ್ಪಾಗಿ ಬರೆಯಲಿ, ಬೆಳಕು ಜಾಸ್ತಿ ಇದ್ದಲ್ಲಿ ಜಾಸ್ತಿ ಕಪ್ಪು. ಮೊದಲು ಎರಡು ನಡುಬಿಂದು, ಆಮೇಲೆ ಸುತ್ತಲಿನ ನಕ್ಷತ್ರ, ಕೊನೆಗೆ ಮಸುಕು. ಕಂಡಷ್ಟೇ ಬರೆಯಲಿ, ಫೋಟೋ ನೆನಪಿಸಿಕೊಂಡು ಸುರುಳಿ ಸೇರಿಸುವುದು ಬೇಡ. ಹಾಳೆಯ ಮೂಲೆಯಲ್ಲಿ ದಿನ, ಹೊತ್ತು, ಊರು ಬರೆಯಲು ಮರೆಯದಿರಲಿ. ಬರೆದ ಮೇಲೆ ಇಲ್ಲಿ ಹಾಕಿ ಮೇಷ್ಟ್ರೇ, ಕಾಯುತ್ತಿರುತ್ತೇನೆ.